ಒಂದು ಕಟ್ಟು ದಂಟಿನ ಸೊಪ್ಪಿನ ಬೆಲೆ

ನನ್ನ ಬೆಲೆ ಎಷ್ಟೆಂದು ನನಗೆ ಗೊತ್ತಿದೆ. ಜಂಬಕ್ಕೆ ಹೇಳುತ್ತಿಲ್ಲ, ಮೊತ್ತ ಕೇಳಿದರೆ ನೀವೇ ಒಪ್ಪುತ್ತೀರಿ. ಒಂದು ದಿನ ಬೆಳಿಗ್ಗೆ ಗಡ್ಡ ಹೆರೆದುಕೊಳ್ಳುತ್ತಾ, ಇವತ್ತೇ ಕೋರ್ಟಿಗೆ ಹೋಗುವ ದಾರಿಯಲ್ಲಿ ಲಾರಿಯೊಂದು ನನ್ನ ಮೇಲೆ ಹರಿದರೆ ಮನೆಯವರಿಗೆ ಏನು ಸಿಕ್ಕೀತು ಎಂದು ಮನಸ್ಸಿನಲ್ಲೇ ಲೆಕ್ಕ ಹಾಕಿದೆ. ಬಂದ ಉತ್ತರಕ್ಕೆ ಬೆಚ್ಚಿ ಕೆನ್ನೆ ಕುಯ್ದುಕೊಂಡೆ. ರಕ್ತ ಒರೆಸಿಕೊಳ್ಳುತ್ತಾ ಅಡಿಗೆಮನೆಗೆ ಹೋಗಿ ಹೆಂಡತಿಗೆ ಮೊತ್ತ ಹೇಳಿದೆ.

ಅವಳು ಒಗ್ಗರಣೆ ಸೌಟಿನಿಂದ ಕಣ್ಣು ತೆಗೆಯದೆ ಕೇಳಿದಳು: "ನಿಮ್ಮ ಕಾಫಿ, ನಶ್ಯ ಕಳೆದ್ರಾ?"

"ಕಳೆದೆ."

"ಹಾಗಾದ್ರೆ ಹುಷಾರಾಗಿ ರಸ್ತೆ ದಾಟಿ. ಆ ದುಡ್ಡಿಗೆ ನೀವು ಇರೋದೇ ಮೇಲು."

ಈ ಹುಚ್ಚು ಲೆಕ್ಕ ನನಗೆ ಅಂಟಿದ್ದು ವೃತ್ತಿಯಿಂದ. ನಾನು ವಕೀಲ. ವಕೀಲ ಅಂದರೆ, ನಲವತ್ತು ದಾಟಿದ ಮೇಲೂ ಇನ್ನೊಬ್ಬರ ಕೈಕೆಳಗೆ ಜೂನಿಯರ್ ಆಗಿಯೇ ಉಳಿದ ವಕೀಲ. ಎದ್ದು ನಿಂತು ಮಾತಾಡಬೇಕು ಅಂದರೆ ನನಗೆ ನಾಲಿಗೆ ಒಣಗುತ್ತಿತ್ತು. ನಮ್ಮ ಸೀನಿಯರ್ ಇದಕ್ಕೆ ತದ್ವಿರುದ್ಧ. ಅವರು ಕೆಮ್ಮಿದರೆ ಪಕ್ಕದ ಕೋರ್ಟಿನಲ್ಲಿ ಕಕ್ಷಿದಾರರು ಎದ್ದು ನಿಲ್ಲುತ್ತಿದ್ದರು. ಆದರೆ ಗುಣಾಕಾರ ಭಾಗಾಕಾರ ಅಂದರೆ ಅವರಿಗೆ ತಲೆನೋವು. ಹೀಗಾಗಿ ಮಾತು ಅವರದು, ಲೆಕ್ಕ ನನ್ನದು ಎಂಬ ಒಪ್ಪಂದದಲ್ಲಿ ನಮ್ಮ ಸಂಸಾರ ನಡೆಯುತ್ತಿತ್ತು.

ಅರವತ್ತರ ದಶಕದ ಮೊದಲ ವರ್ಷಗಳು ಅವು. ಮೋಟಾರು ಅಪಘಾತದಲ್ಲಿ ಸತ್ತವರ ಕುಟುಂಬಕ್ಕೆ ಪರಿಹಾರ ಗೊತ್ತುಮಾಡುವುದಕ್ಕೆಂದೇ ಬೇರೆ ನ್ಯಾಯಮಂಡಲಿ ಆಗಿ ಹೆಚ್ಚು ಕಾಲವಾಗಿರಲಿಲ್ಲ. ಲೆಕ್ಕದ ರೀತಿ ಕೇಳುವುದಕ್ಕೆ ಸುಲಭ. ಸತ್ತವನು ವರ್ಷಕ್ಕೆ ಎಷ್ಟು ದುಡಿಯುತ್ತಿದ್ದ? ಅದರಲ್ಲಿ ತನಗೇ ಖರ್ಚು ಮಾಡಿಕೊಳ್ಳುತ್ತಿದ್ದುದನ್ನು ಕಳೆಯಿರಿ. ಉಳಿದದ್ದನ್ನು ಅವನು ಇನ್ನೆಷ್ಟು ವರ್ಷ ದುಡಿಯಬಹುದಿತ್ತೋ ಅಷ್ಟರಿಂದ ಗುಣಿಸಿ. ಮುಂದೆ ಬರಬೇಕಾದ್ದೆಲ್ಲ ಈಗಲೇ ಒಂದೇ ಗಂಟಾಗಿ ಬರುತ್ತಿದೆಯಲ್ಲ ಎಂಬ ನೆವದಲ್ಲಿ ಇನ್ನೊಂದಿಷ್ಟು ಕಳೆಯಿರಿ. ಈ ಕಳೆಯುವ ಭಾಗದಲ್ಲಿಯೇ ಇನ್ಷೂರೆನ್ಸ್ ಕಂಪನಿಗಳ ಪ್ರಾಣ ಇರುವುದು. ಅವರ ವಕೀಲರು ಸತ್ತವನಿಗೆ ಇಲ್ಲದ ಚಟಗಳನ್ನೆಲ್ಲ ಅಂಟಿಸುತ್ತಿದ್ದರು.

ದಿನವೂ ಇಂಥ ಕೇಸು ಓದಿ ಓದಿ ನಾನು ರಸ್ತೆಯ ಎಡಬದಿಯಲ್ಲಿ ನಡೆಯುವುದನ್ನೇ ಬಿಟ್ಟೆ. ಹಿಂದಿನಿಂದ ಬರುವುದು ಕಾಣಿಸುವುದಿಲ್ಲವಲ್ಲ. ರಸ್ತೆ ದಾಟುವ ಮೊದಲು ಎರಡೂ ಕಡೆ ನೋಡಿ, ಮತ್ತೆ ಒಂದು ಸಲ ನೋಡಿ, ಆಮೇಲೆ ಆಕಾಶವನ್ನೂ ನೋಡುತ್ತಿದ್ದೆ. ಆಗಿನ ಜಯನಗರದಲ್ಲಿ ಸೈಟುಗಳಿಗಿಂತ ಪೊದೆಗಳು ಹೆಚ್ಚು. ನಾನು ದಾಟಲು ಕಾಯುತ್ತಿದ್ದಷ್ಟು ಹೊತ್ತಿನಲ್ಲಿ ಆ ರಸ್ತೆಯಲ್ಲಿ ಬರುತ್ತಿದ್ದದ್ದು ಹೆಚ್ಚೆಂದರೆ ಒಂದು ಎಮ್ಮೆ, ಅದರ ಹಿಂದೆ ಅದನ್ನು ಹುಡುಕುತ್ತಾ ಅದರ ಯಜಮಾನ.

ಆದರೆ ಲಾರಿ ಇಲ್ಲವೆಂದಲ್ಲ. ನಮ್ಮ ಸೊಪ್ಪಿನವನಿಗೆ ಕನಕಪುರ ರಸ್ತೆಯಲ್ಲಿ ಲಾರಿಯೇ ಸಿಕ್ಕಿತು.

ಅವನು ಯಡಿಯೂರಿನವನು. ಕೆರೆಯ ಕೆಳಗೆ ಗುತ್ತಿಗೆಗೆ ಹಿಡಿದ ಸಣ್ಣ ತೋಟದಲ್ಲಿ ದಂಟು, ಮೆಂತ್ಯ, ಸಬ್ಬಸಿಗೆ, ಕೊತ್ತಂಬರಿ ಬೆಳೆದು, ಬೆಳಕು ಹರಿಯುವ ಮೊದಲೇ ಕಿತ್ತು, ತೊಳೆದು, ಬಾಳೆನಾರಿನಲ್ಲಿ ಕಟ್ಟು ಕಟ್ಟಿ, ಸೈಕಲ್ಲಿನ ಹಿಂದೆ ದೊಡ್ಡ ಬುಟ್ಟಿಯಲ್ಲಿ ಹೇರಿಕೊಂಡು ನಮ್ಮ ಬ್ಲಾಕಿಗೆ ಬರುತ್ತಿದ್ದ. ಅವನು ಬಂದನೆಂದರೆ ಬೀದಿಯಲ್ಲಿ ಯುದ್ಧ. ನಯಾ ಪೈಸೆ ಬಂದು ವರ್ಷಗಳಾಗಿದ್ದರೂ ಸೊಪ್ಪಿನ ಯುದ್ಧ ಮಾತ್ರ ಇನ್ನೂ ಆಣೆಯಲ್ಲೇ ನಡೆಯುತ್ತಿತ್ತು. ನಮ್ಮ ಗೇಟಿನ ಹತ್ತಿರ ಹೆಂಡತಿಯ ದನಿ ನನಗೆ ಕನ್ನಡಿಯ ಮುಂದೆ ಕೇಳಿಸುತ್ತಿತ್ತು: "ಹಗಲು ದರೋಡೆ ಕಣಯ್ಯಾ ಇದು! ನಾವೇನು ಅರಮನೆಯವರಾ?" ಅವನ ಗೋಳು ಅದಕ್ಕಿಂತ ಜೋರು: "ಅಮ್ಮಾವ್ರೇ, ಹೊಟ್ಟೆ ಮ್ಯಾಲೆ ಹೊಡೀಬ್ಯಾಡ್ರವ್ವಾ!" ಸ್ವಲ್ಪ ಹೊತ್ತಿಗೆ ಅವಳು ಸೊಪ್ಪು ಹಿಡಿದು ಒಳಗೆ ಬಂದು, "ಒಂದಾಣೆಗೆ ಕೊಟ್ಟ" ಅನ್ನುವಳು. ನಾನು ಆಫೀಸಿನಲ್ಲಿ ಅದನ್ನೇ ಹೇಳಿಕೊಂಡು ಮೆರೆಯುತ್ತಿದ್ದೆ. ಚೌಕಾಸಿ ಮಾಡಲಾರದ ಗಂಡಸಿಗೆ ಚೌಕಾಸಿ ಬಲ್ಲ ಹೆಂಡತಿ ಸಿಕ್ಕುವುದು ಪೂರ್ವಜನ್ಮದ ಪುಣ್ಯ.

ಅವನು ತೀರಿಕೊಂಡ ಕೆಲವು ವಾರಗಳ ಮೇಲೆ ಅವನ ಹೆಂಡತಿ ನಮ್ಮ ಮನೆಗೇ ಬಂದಳು. ಜೊತೆಯಲ್ಲಿ ಇಬ್ಬರು ಹೆಣ್ಣುಮಕ್ಕಳು. ಹುಳಿಮಾವಿನಲ್ಲಿರುವ ಅಣ್ಣ ಬಂದು ತೋಟ ಬಿಟ್ಟು ತನ್ನ ಮನೆಗೆ ಬಂದುಬಿಡು ಅನ್ನುತ್ತಿದ್ದಾನಂತೆ. ತೋಟದ ಯಜಮಾನರಂತೂ, ಮುಂದಿನ ಗುತ್ತಿಗೆಯ ಹಣ ಇಡದಿದ್ದರೆ ಬೇರೆಯವರಿಗೆ ಕೊಡುತ್ತೇನೆ ಅಂದಿದ್ದರು.

"ಅಣ್ಣನ ಮನೇಲಿ ಎರಡು ದಿವ್ಸ ನಾನು ತಂಗಿ ಸ್ವಾಮಿ," ಅಂದಳು ಆಕೆ. "ಮೂರನೇ ದಿವ್ಸದಿಂದ ಮುಸುರೆ ತಿಕ್ಕೋಳು. ತ್ವಾಟ ಒಂದು ಉಳಿದ್ರೆ ಸಾಕು. ನನ್ ಕೈಯಾಗೂ ಬೆಳೆ ಬತ್ತದೆ."

ಸೀನಿಯರ್ ಕೇಸು ಹಿಡಿದು, ತೀರ್ಪು ಬರುವವರೆಗೆ ಕಾಯುವಂತೆ ತೋಟದ ಯಜಮಾನರನ್ನೂ ಒಪ್ಪಿಸಿದರು. ಮೊದಲ ತೊಡಕು ಎದುರಾದದ್ದು ಆಕೆಯ ಸಾಕ್ಷಿಯಲ್ಲಿಯೇ. ನಿನ್ನ ಗಂಡನಿಗೆ ದಿನಕ್ಕೆ ಎಷ್ಟು ಸಂಪಾದನೆ ಅಂತ ಕೇಳಿದರೆ, "ಏನೋ ಸ್ವಾಮಿ, ಗಂಜಿಗೆ ಮೋಸ ಇರ್ನಿಲ್ಲ" ಅಂದಳು. ಎಷ್ಟು ತಿರುಗಿಸಿ ಕೇಳಿದರೂ ಗಂಜಿಯ ಮೇಲೆ ಏರಲಿಲ್ಲ. ತುಂಬಿದ ಕೋರ್ಟಿನಲ್ಲಿ, ಹತ್ತು ಜನರ ಕಣ್ಣೆದುರು, ಮನೆಯ ಸಂಪಾದನೆ ಬಾಯಿಬಿಟ್ಟು ಹೇಳಿದರೆ ದೃಷ್ಟಿಯಾಗದೆ ಇರುತ್ತದೆಯೇ? ಇನ್ನು ದೃಷ್ಟಿಯಾಗಲು ಉಳಿದದ್ದೇನು ಎಂದು ಆಕೆಗೆ ಹೇಳುವ ಧೈರ್ಯ ನಮಗಿಬ್ಬರಿಗೂ ಇರಲಿಲ್ಲ. ಇನ್ಷೂರೆನ್ಸ್ ವಕೀಲರು, ತೆಳ್ಳಗೆ, ಕನ್ನಡಕದ ಮೇಲಿಂದ ನೋಡುವವರು, ಎದ್ದು ನಿಂತು ಮೆಲ್ಲಗೆ ಹೇಳಿದರು: "ಗಂಜಿಯ ಬೆಲೆ ಕೊಡೋದಕ್ಕೆ ನನ್ನ ಕಕ್ಷಿದಾರರು ಸಿದ್ಧರಿದ್ದಾರೆ, ಮಹಾಸ್ವಾಮಿ."

ಆಗ ಸೀನಿಯರಿಗೆ ಹೊಳೆದದ್ದು ಗಿರಾಕಿಗಳ ಸಾಕ್ಷಿ. ದಿನವೂ ಎಷ್ಟು ಕಟ್ಟು ಮಾರುತ್ತಿದ್ದ ಎಂಬುದಕ್ಕೆ ಬುಟ್ಟಿಯೇ ಸಾಕ್ಷಿ. ಅದನ್ನು ಎದುರು ಪಕ್ಷವೂ ಒಪ್ಪಿತ್ತು. ಕಟ್ಟಿಗೆ ಎರಡಾಣೆ ಆಗಿನ ಮಾರುಕಟ್ಟೆಯ ಬೆಲೆ; ಅಷ್ಟನ್ನೇ ಕೊಡುತ್ತಿದ್ದೆವು ಎಂದು ಮರ್ಯಾದಸ್ಥ ಹೆಂಗಸರು ಬಂದು ಹೇಳಿಬಿಟ್ಟರೆ ಲೆಕ್ಕ ತಾನಾಗಿ ಏರುತ್ತದೆ. "ನಿಮ್ಮ ಬೀದಿಯಿಂದ ಮೂರು ಜನರನ್ನ ಕರಕೊಂಡು ಬನ್ನಿ" ಅಂದರು ನನಗೆ.

ಕೋರ್ಟು ಮೆಟ್ಟಿಲು ಹತ್ತಿದರೆ ಮಾನ ಹೋಗುತ್ತದೆ ಎಂದು ನಂಬಿದ ಬೀದಿ ನಮ್ಮದು. ನಾನು ಒಂದು ವಾರ ತಿಣುಕಿದರೂ ಒಬ್ಬರನ್ನೂ ಒಪ್ಪಿಸಲು ಆಗಲಿಲ್ಲ. ಕೊನೆಗೆ ನನ್ನ ಹೆಂಡತಿ ತಾನೇ ಹೊರಟು ಒಂದು ಮಧ್ಯಾಹ್ನದಲ್ಲಿ ಕೆಲಸ ಮುಗಿಸಿದಳು. ಮೂಲೆ ಮನೆಯ ಹಿರಿಯಮ್ಮ ಒಬ್ಬರು, ಎದುರು ಮನೆಯ ಎಂಜಿನಿಯರರ ಹೆಂಡತಿ ಒಬ್ಬರು, ಮೂರನೆಯವಳು ಇವಳೇ. ಅದು ಕೋರ್ಟೆಂದು ಯಾರೂ ಭಾವಿಸಲಿಲ್ಲ. ಪಿಕ್ನಿಕ್ ಅನ್ನುವ ಹಾಗೆ ಹೊರಟರು. ಧರ್ಮಾವರದ ಸೀರೆ, ಟಿಫನ್ ಕ್ಯಾರಿಯರಿನಲ್ಲಿ ಪುಳಿಯೋಗರೆ, ತಲೆಯಲ್ಲಿ ಮಲ್ಲಿಗೆ. ಬಸ್ಸಿನ ಕಂಡಕ್ಟರ್, "ಯಾರ ಮದುವೆ ಸಾರ್?" ಅಂತ ನನ್ನನ್ನು ಕೇಳಿದ.

ಸಾಕ್ಷಿಗಳು ತಮ್ಮ ಸರದಿ ಬರುವವರೆಗೆ ಹೊರಗಿರಬೇಕು ಎಂಬುದು ಪದ್ಧತಿ. ಆದರೆ ಹೊರಗಿನ ಜಗುಲಿಯಲ್ಲಿ ಬೀಡಿ ಸೇದುತ್ತಾ ಡ್ರೈವರುಗಳ ದಂಡೇ ಕೂತಿತ್ತು. ಜಡ್ಜ್ ಸಾಹೇಬರು ಹಳೆಯ ಕಾಲದ ಸಂಭಾವಿತರು. "ಹೆಣ್ಣುಮಕ್ಕಳು ಅಲ್ಲಿ ಹೇಗೆ ನಿಲ್ತಾರೆ, ಒಳಗೇ ಕೂತ್ಕೊಳ್ಳಲಿ" ಅಂದರು. ಇನ್ಷೂರೆನ್ಸ್ ವಕೀಲರು ಕೂಡ ದೊಡ್ಡ ಮನಸ್ಸು ಮಾಡಿ ಒಪ್ಪಿದರು. ಆ ದೊಡ್ಡ ಮನಸ್ಸಿನಿಂದಲೇ ನಮಗೆ ಕೇಡು ಬಂತು.

ಮೊದಲು ಕಟಕಟೆ ಹತ್ತಿದ್ದು ಮೂಲೆ ಮನೆಯ ಹಿರಿಯಮ್ಮ. ಸೀನಿಯರ್ ಬಲು ವಿನಯದಿಂದ ಕೇಳಿದರು: "ತಾಯೀ, ದಂಟಿನ ಸೊಪ್ಪು ಕಟ್ಟಿಗೆ ಎಷ್ಟು ಕೊಡ್ತಿದ್ರಿ?"

ಆಕೆ ಜಡ್ಜರನ್ನು ನೋಡಲಿಲ್ಲ. ಬೆಂಚಿನ ಮೇಲೆ ಕೂತ ಎಂಜಿನಿಯರರ ಹೆಂಡತಿಯನ್ನು ನೋಡಿದರು.

"ಒಂದೂವರೆ ಆಣೆ," ಅಂದರು. "ಅದಕ್ಕಿಂತ ಹೆಚ್ಚು ನಾನು ಯಾವತ್ತೂ ಕೊಟ್ಟೋಳಲ್ಲ."

ಸೀನಿಯರ್ ಮುಖದಲ್ಲಿ ನಗು ಹಾಗೇ ಒಣಗಿತು. ಎರಡನೆಯವರನ್ನು ಕರೆದರು. ಆಕೆಗೆ ಪ್ರಶ್ನೆ ಮುಗಿಯುವ ಮೊದಲೇ ಉತ್ತರ ಸಿದ್ಧವಾಗಿತ್ತು.

"ಒಂದೂವರೆನಾ? ನಮ್ಮನೇಲಿ ಒಂದೇ ಆಣೆ ಸಾರ್. ಅದೂ ಎರಡು ದಂಟು ಮೇಲೆ ಹಾಕಿಸ್ಕೊಂಡು."

"ಮೇಲೆ ಹಾಕಿಸ್ಕೊಳ್ಳೋದು ಬಿಡಿ," ಬೆಂಚಿನಿಂದ ಹಿರಿಯಮ್ಮನ ದನಿ ಬಂತು. "ನನಗೆ ಕೊತ್ತಂಬರಿ, ಕರಿಬೇವು ಎಲ್ಲಾ ಸುಮ್ಮನೇ ಕೊಡ್ತಿದ್ದ!"

"ಸೈಲೆನ್ಸ್" ಅಂದ ಕೋರ್ಟಿನ ಜವಾನ.

ನನ್ನ ಕೈಯಲ್ಲಿ ಪೆನ್ಸಿಲ್ಲು ಇತ್ತು. ಎರಡಾಣೆ ಒಂದೂವರೆಯಾಯಿತು, ಒಂದೂವರೆ ಒಂದಾಯಿತು. ಪ್ರತಿ ಸಲವೂ ಕೆಳಗಿನ ಮೊತ್ತ ಕರಗುತ್ತಾ ಬಂದು, ಕೊನೆಗೆ ಗೊಬ್ಬರ, ಬೀಜ, ಗುತ್ತಿಗೆ ಕಳೆದರೆ ಸೊಪ್ಪಿನವನೇ ಜಯನಗರಕ್ಕೆ ಕೈಯಿಂದ ದುಡ್ಡು ಕೊಟ್ಟು ಹೋಗುತ್ತಿದ್ದ ಎಂಬ ಹಾಗಾಯಿತು. ಇಬ್ಬರೂ ಕೆಟ್ಟವರಲ್ಲ. ಅವನು ಸತ್ತ ದಿನ ಇಬ್ಬರ ಮನೆಯಲ್ಲೂ ಒಲೆ ಹೊತ್ತಿದ್ದು ತಡವಾಗಿ. ಆದರೆ ನಮ್ಮ ಬೀದಿಯ ಹೆಂಗಸಿಗೆ, ಇನ್ನಿಬ್ಬರು ಕೇಳುತ್ತಿರುವಾಗ ಸೊಪ್ಪಿಗೆ ಪೂರ್ತಿ ಬೆಲೆ ಕೊಟ್ಟೆ ಎಂದು ಒಪ್ಪಿಕೊಳ್ಳುವುದೆಂದರೆ ಅಡಿಗೆ ಬರುವುದಿಲ್ಲ ಎಂದು ಒಪ್ಪಿಕೊಂಡ ಹಾಗೆ. ಅದು ದೇವರ ಮೇಲಿನ ಪ್ರಮಾಣಕ್ಕಿಂತ ದೊಡ್ಡದು.

ಇನ್ಷೂರೆನ್ಸ್ ವಕೀಲರು ಇಬ್ಬರನ್ನೂ ಪಾಟೀಸವಾಲು ಮಾಡಲಿಲ್ಲ. ಯಾಕೆ ಮಾಡುತ್ತಾರೆ? ಎದ್ದು ನಿಂತು ಇಬ್ಬರಿಗೂ ಕೈ ಮುಗಿದರು. ಗೋಡೆಗೆ ಒರಗಿ ನಿಂತಿದ್ದ ಸೊಪ್ಪಿನವನ ಹೆಂಡತಿ ಮಕ್ಕಳನ್ನು ಹತ್ತಿರಕ್ಕೆ ಎಳೆದುಕೊಂಡಳು. ಆಣೆಯ ಲೆಕ್ಕ ಆಕೆಗೆ ನನಗಿಂತ ಬೇಗ ತಿಳಿಯುತ್ತಿತ್ತು.

"ನಿಮ್ಮ ಮನೆಯವರನ್ನ ಕರೆಯೋಣವೋ ಬೇಡವೋ?" ಸೀನಿಯರ್ ನನ್ನ ಕಿವಿಯಲ್ಲಿ ಕೇಳಿದರು.

ಬೇಡ ಅನ್ನಬೇಕೆಂದಿದ್ದೆ. ಈ ಇಬ್ಬರೂ ಸೇನಾಪತಿಗಳಾದರೆ ನನ್ನ ಹೆಂಡತಿ ಚಕ್ರವರ್ತಿನಿ. ಅವಳು ಬಾಯಿ ತೆರೆದರೆ ಅರ್ಧಾಣೆಗೆ ಇಳಿಯುವುದು ಖಂಡಿತ. ನನ್ನ ನಾಲಿಗೆ ಎಂದಿನಂತೆ ಒಣಗಿತ್ತು. ಅಷ್ಟರಲ್ಲಿ ಅವಳು ಸೆರಗು ಸರಿಮಾಡಿಕೊಂಡು ಕಟಕಟೆ ಹತ್ತಿಯಾಗಿತ್ತು.

"ಕಟ್ಟಿಗೆ ಎಷ್ಟು ಕೊಡ್ತಿದ್ರಿ ತಾಯಿ?" ಸೀನಿಯರ್ ಕಣ್ಣು ಮುಚ್ಚಿಕೊಂಡೇ ಕೇಳಿದರು.

"ಎರಡಾಣೆ."

ಸೀನಿಯರ್ ಕಣ್ಣು ತೆರೆದರು.

"ಅವನು ಎಷ್ಟು ಹೇಳ್ತಿದ್ದ?"

"ಎರಡಾಣೆ. ಹೇಳಿದಷ್ಟೇ ಕೊಡ್ತಿದ್ದೆ."

ಬೆಂಚಿನ ಮೇಲೆ ಇಬ್ಬರೂ ಒಬ್ಬರ ಮುಖ ಒಬ್ಬರು ನೋಡಿಕೊಂಡರು. ನಾನು ಮಾತ್ರ ಎಲ್ಲಿ ನೋಡಬೇಕೆಂದು ತಿಳಿಯದೆ ಪೆನ್ಸಿಲ್ಲಿನ ತುದಿ ನೋಡಿದೆ.

ಇನ್ಷೂರೆನ್ಸ್ ವಕೀಲರು ಈ ಸಲ ಎದ್ದರು. ಕನ್ನಡಕ ಮೂಗಿನ ತುದಿಗೆ ಬಂತು. "ನೀವು ಅರ್ಜಿದಾರರ ಪರ ಜೂನಿಯರ್ ವಕೀಲರ ಹೆಂಡತಿ ಅಲ್ವೇ?"

"ಹೌದು."

"ಯಜಮಾನ್ರು ಕೇಸು ಗೆಲ್ಲಲಿ ಅಂತ ಹೀಗೆ ಹೇಳ್ತಿದ್ದೀರಿ."

"ಅಯ್ಯೋ ಸಾರ್," ಅಂದಳು ನನ್ನ ಹೆಂಡತಿ, "ಇವರಿಗೆ ನಾನು ಇಷ್ಟು ವರ್ಷ ಒಂದಾಣೆ ಅಂತ ಹೇಳ್ಕೊಂಡು ಬಂದಿದ್ದೀನಿ. ಈಗ ನೋಡಿ, ಅವರ ಮುಖ ನೋಡಿ. ಇವತ್ತು ಮನೆಗೆ ಹೋದ್ಮೇಲೆ ನನ್ನ ಗತಿ ಏನು ಅಂತ ನನಗೇ ಗೊತ್ತಿಲ್ಲ. ಸುಳ್ಳು ಹೇಳೋದಾಗಿದ್ರೆ ನನಗೆ ಅನುಕೂಲವಾಗೋ ಸುಳ್ಳು ಹೇಳ್ತಿರಲಿಲ್ವಾ?"

ಎಲ್ಲರೂ ನನ್ನ ಮುಖ ನೋಡಿದರು. ಜಡ್ಜ್ ಸಾಹೇಬರೂ ನೋಡಿದರು. ಆ ಮುಖ ಬಹುಶಃ ಯಾವ ದಾಖಲೆಗಿಂತಲೂ ಬಲವಾದ ಪುರಾವೆಯಾಗಿತ್ತು.

"ಬೀದಿಯವರೆಲ್ಲ ನೀವು ಜಗಳ ಆಡೋದನ್ನ ಕೇಳಿದ್ದಾರಂತಲ್ಲ?" ವಕೀಲರು ಬಿಡಲಿಲ್ಲ.

"ಜಗಳ ಆಡ್ತಿದ್ದೆ. ಆಡದಿದ್ರೆ ಮರ್ಯಾದೆ ಉಳಿಯುತ್ತಾ? ನನಗೆ ಚೌಕಾಸಿ ಬರೋಲ್ಲ ಅಂತ ಅವನಿಗೆ ಮೊದಲನೇ ದಿನಾನೇ ಗೊತ್ತಾಗಿತ್ತು. 'ಅವ್ವಾ, ನಿಮಗೆ ಇದ್ದ ರೇಟು ಹೇಳ್ತೀನಿ, ನೀವು ಬೇಕಾದಷ್ಟು ಕೂಗಾಡ್ಕಳಿ' ಅಂದಿದ್ದ. ದುಡ್ಡು ಮೊದಲೇ ಕೊಟ್ಟುಬಿಡ್ತಿದ್ದೆ. ಆಮೇಲೆ ಇಬ್ರೂ ಕೂಗಾಡ್ತಿದ್ವಿ."

"ಮತ್ತೆ ಉಳಿದವರ ಹತ್ರ?"

ಕೇಳಬಾರದಿತ್ತು. ಒಳ್ಳೆಯ ವಕೀಲರೂ ಒಂದು ಪ್ರಶ್ನೆ ಹೆಚ್ಚು ಕೇಳುತ್ತಾರೆ.

"ಉಳಿದವರಿಗೆ ನಾಲ್ಕು ಹೇಳಿ ಎರಡಕ್ಕೆ ಇಳೀತಿದ್ದ. ಅವರಿಗೂ ಸಂತೋಷ, ಅವನಿಗೂ ಗಿಟ್ಟುತ್ತೆ."

ಬೆಂಚು ಕಿರ್ರೆಂದಿತು. ಮೂಲೆ ಮನೆಯ ಹಿರಿಯಮ್ಮ ಎದ್ದು ನಿಂತಿದ್ದರು. "ಏನಂದೇ? ನಾನು ನಾಲ್ಕರಿಂದ ಎರಡಕ್ಕೆ ಇಳಿಸೋಷ್ಟರಲ್ಲಿ ಗಂಟಲು ಹರಿದು ಹೋಗ್ತಿತ್ತು! ನಿನಗೆ ಕೂತಲ್ಲೇ ಎರಡಕ್ಕಾ?"

ಜಡ್ಜ್ ಸಾಹೇಬರು ಬಹಳ ಮೃದುವಾಗಿ ಕೇಳಿದರು: "ಅಮ್ಮಾ, ಆಗ ಒಂದೂವರೆ ಅಂದಿರಲ್ಲ?"

ಹಿರಿಯಮ್ಮ ನಿಧಾನವಾಗಿ ಕೂತರು. "ಅದು... ಯಾವತ್ತೋ ಒಂದು ದಿನ, ಸೊಪ್ಪು ಬಾಡಿತ್ತು."

"ನಿಮ್ಮದು?" ಜಡ್ಜರ ನೋಟ ಎಂಜಿನಿಯರರ ಹೆಂಡತಿಯ ಕಡೆ ತಿರುಗಿತು.

"ನನಗೂ ಎರಡೇ," ಅಂದರು ಆಕೆ, ಸೆರಗಿನ ಮರೆಯಿಂದ. "ಆದರೆ ದಂಟು ಮೇಲೆ ಹಾಕ್ತಿದ್ದ, ಅದು ಸತ್ಯ."

ನಗು ಎಲ್ಲಿಂದ ಶುರುವಾಯಿತೋ ಗೊತ್ತಿಲ್ಲ. ಜವಾನ ಸೈಲೆನ್ಸ್ ಅನ್ನಲು ಬಾಯಿ ತೆರೆದು ತಾನೇ ನಕ್ಕ. ಗೋಡೆಯ ಹತ್ತಿರ ಸೊಪ್ಪಿನವನ ಹೆಂಡತಿಯೂ ಸೆರಗು ಬಾಯಿಗೆ ಅಡ್ಡ ಇಟ್ಟುಕೊಂಡಿದ್ದಳು. ಅವಳನ್ನು ಮತ್ತೆ ಕರೆದು ಕೇಳಿದಾಗ, ದೃಷ್ಟಿಯ ಭಯ ಎಲ್ಲಿ ಹೋಯಿತೋ, ತಡೆಯದೆ ಹೇಳಿಬಿಟ್ಟಳು:

"ದಿಟ ಸ್ವಾಮಿ. ಸಂಜೆ ಮನೇಲಿ ಕುಂತು, ಮೂಲೆ ಮನೆ ಅವ್ವ ಎಂಗೆ ಬೈದ್ರು, ಲಾಯರ್ ಮನೆ ಅವ್ವ ಎಂಗೆ ಬೈದ್ರು ಅಂತ ಮಕ್ಕಳ ಮುಂದೆ ಆಡಿ ತೋರಿಸ್ತಿದ್ರು. ಬೈದ ದಿವ್ಸವೇ ಬುಟ್ಟಿ ಖಾಲಿ ಆಗ್ತಿತ್ತು ಸ್ವಾಮಿ. ಬುಟ್ಟಿ ಪೂರಾ ಎರಡಾಣೆ ಲೆಕ್ಕವೇಯ."

ವಾಪಸು ಬರುವ ಬಸ್ಸಿನಲ್ಲಿ ಟಿಫನ್ ಕ್ಯಾರಿಯರ್ ಯಾರೂ ತೆರೆಯಲಿಲ್ಲ. ಮೂವರೂ ಒಂದೇ ಸೀಟಿನಲ್ಲಿ ಮೂರು ದಿಕ್ಕು ನೋಡುತ್ತಾ ಕೂತಿದ್ದರು. ಹಿಂದಿನ ಸೀಟಿನಲ್ಲಿ ಕೂತ ನನಗೆ, ಈ ಮೂವರ ನಡುವೆ ಮಾತು ನಿಂತುಹೋದರೆ ನಮ್ಮ ಬೀದಿಯಲ್ಲಿ ಅರಿಶಿನ ಕುಂಕುಮಕ್ಕೆ ಯಾರು ಯಾರನ್ನು ಕರೆಯುತ್ತಾರೆ, ಗಣೇಶನ ಹಬ್ಬಕ್ಕೆ ಏನು ಗತಿ ಎಂಬ ಚಿಂತೆ ಹತ್ತಿತು. ಲಾಲ್‌ಬಾಗ್ ದಾಟಿದ ಮೇಲೆ ಹಿರಿಯಮ್ಮ ಕಿಟಕಿಯ ಕಡೆಗೇ ಮುಖ ಮಾಡಿಕೊಂಡು ಹೇಳಿದರು:

"ನನಗೆ ಮೋಸ ಮಾಡಿದ ಅಂತ ಬೇಜಾರಿಲ್ಲ ಕಣೇ. ಈಗ ಬರ್ತಾನಲ್ಲ ಆ ತಳ್ಳುಗಾಡಿಯವನು, ಬೆಲೆ ಹೇಳಿ ಸುಮ್ಮನೆ ನಿಂತ್ಕೋತಾನೆ. ಬೇಕಾದ್ರೆ ತಗೋ, ಇಲ್ಲದಿದ್ರೆ ಬಿಡು. ಬೆಳಿಗ್ಗೆ ಎದ್ದು ಒಬ್ಬರನ್ನೂ ಬಯ್ಯದೆ ದಿನ ಹೇಗೆ ಶುರುಮಾಡೋದು?" ಕಣ್ಣೊರೆಸಿಕೊಂಡರು. ಆಮೇಲೆ ನನ್ನ ಹೆಂಡತಿಯ ಮೊಣಕೈ ತಿವಿದು, "ಪುಳಿಯೋಗರೆ ತೆಗಿ. ಹಳಸಿ ಹೋಗುತ್ತೆ" ಅಂದರು.

ಮನೆಗೆ ಬಂದ ಮೇಲೆ ನಾನೂ ಗಂಡನ ಗತ್ತಿನಲ್ಲಿ ಒಂದು ವಿಚಾರಣೆ ನಡೆಸಿದೆ. ಇಷ್ಟು ವರ್ಷ ದಿನಕ್ಕೊಂದು ಆಣೆ ಎಲ್ಲಿಂದ ತುಂಬಿಸಿದೆ ಅಂದೆ.

"ನಿಮ್ಮ ಕಾಫಿಪುಡೀಲಿ ಚಿಕೋರಿ ಜಾಸ್ತಿ ಹಾಕಿಸ್ತಿದ್ದೆ."

"ನನಗೆ ಗೊತ್ತೇ ಆಗಲಿಲ್ಲವಲ್ಲೇ!"

"ಗೊತ್ತಾಗ್ತಿತ್ತು. ನೀವು ಅದನ್ನ ನಾಲಿಗೆಗೆ ಏನೋ ಕಾಯಿಲೆ ಅಂದ್ಕೊಂಡು ಡಾಕ್ಟರ ಹತ್ರ ಹೋದ್ರಿ."

ಹೌದು, ಹೋಗಿದ್ದೆ. ವಿಚಾರಣೆ ಅಲ್ಲಿಗೆ ಮುಗಿಯಿತು.

ತೀರ್ಪು ಬರಲು ಕೆಲವು ತಿಂಗಳು ಹಿಡಿಯಿತು. ಆ ತಿಂಗಳುಗಳಲ್ಲಿ ನಾನು ಸೊಪ್ಪಿನವನ ಹೆಂಡತಿಗಿಂತ ಸೊರಗಿದೆ. ತೋಟ ಹೇಗೂ ಉಳಿದಿದೆ, ಹೆಂಡತಿಯೇ ಬೆಳೆಯಬಲ್ಲಳು, ಹಾಗಾಗಿ ನಷ್ಟವೇ ಇಲ್ಲ ಎಂದು ಇನ್ಷೂರೆನ್ಸ್ ವಕೀಲರು ಕೊನೆಯಲ್ಲಿ ವಾದಿಸಿದ್ದರು. ಜಡ್ಜ್ ಸಾಹೇಬರು ತೀರ್ಪಿನಲ್ಲಿ ಅದಕ್ಕೆ ಒಂದೇ ಮಾತಿನ ಉತ್ತರ ಕೊಟ್ಟಿದ್ದರು: ಬೆಳೆಯುವವರು ಇರಬಹುದು, ಆದರೆ ಬೆಳೆದದ್ದನ್ನು ಆ ಬೀದಿಯಲ್ಲಿ ಮಾರಬಲ್ಲವನು ಹೋಗಿದ್ದಾನೆ. ಕಟ್ಟಿಗೆ ಎರಡಾಣೆಯನ್ನು ಪೂರ್ತಿ ಒಪ್ಪಿದ್ದರು. ನಾವು ಕೇಳಿದ್ದಷ್ಟು ಸಿಗಲಿಲ್ಲ, ಯಾರಿಗೂ ಸಿಗುವುದಿಲ್ಲ. ಗುತ್ತಿಗೆ ಕಟ್ಟಿ, ಮಕ್ಕಳು ದೊಡ್ಡವರಾಗುವವರೆಗೆ ಜೀವನ ನಡೆಯುವಷ್ಟು ಸಿಕ್ಕಿತು. ಕಂಪನಿ ಮೇಲಿನ ಕೋರ್ಟಿಗೆ ಹೋಗುತ್ತದೆಂದು ನಾನು ಇನ್ನಷ್ಟು ದಿನ ಕಾದೆ. ಹೋಗಲಿಲ್ಲ. ಹಣ ಬಂತು.

ಹಣ ಬಂದ ಮೇಲೆ ನನಗೆ ಹೊಸ ಚಿಂತೆ. ಅಷ್ಟು ದುಡ್ಡನ್ನು ಆಕೆ ಎಲ್ಲಿಡುತ್ತಾಳೆ? ಅಣ್ಣ ಬಂದು ಕೇಳಿದರೆ? ಕಳ್ಳರು? ಗೆದ್ದಲು? ಒಂದು ಭಾನುವಾರ ಬೆಳಿಗ್ಗೆ ತಡೆಯಲಾರದೆ, ರಸ್ತೆಗಳನ್ನು ನನ್ನ ಪದ್ಧತಿಯಂತೆ ದಾಟಿಕೊಂಡು ಯಡಿಯೂರಿಗೆ ನಡೆದೇ ಹೋದೆ. ಕೆರೆಯ ಕೆಳಗೆ ಆಕೆ ಪಾತಿಗಳಿಗೆ ನೀರು ತಿರುಗಿಸುತ್ತಿದ್ದಳು. ಗುತ್ತಿಗೆ ಕಟ್ಟಿಯಾಯಿತಂತೆ. ದೊಡ್ಡ ಮಗಳು ಶಾಲೆಗೆ ಸೇರಿದ್ದಾಳಂತೆ. ಅಣ್ಣ ಬಂದಿದ್ದನಂತೆ, ಎರಡು ಕಟ್ಟು ಮೆಂತ್ಯ ಕೊಟ್ಟು ಕಳಿಸಿದಳಂತೆ.

ನಾನು ಗಂಟಲು ಸರಿಮಾಡಿಕೊಂಡು ಹೇಳತೊಡಗಿದೆ. ಬ್ಯಾಂಕಿನಲ್ಲಿ ಇಟ್ಟರೆ ಬ್ಯಾಂಕು ಮುಳುಗುವ ಅಪಾಯ. ಪೋಸ್ಟಾಫೀಸಿನಲ್ಲಿ ಇಟ್ಟರೆ ಪಾಸ್‌ಬುಕ್ ಕಳೆಯುವ ಅಪಾಯ. ಒಂದೇ ಕಡೆ ಇಡಬಾರದು, ಹಾಗಂತ ತುಂಬ ಕಡೆ ಇಟ್ಟರೆ ಮರೆತುಹೋಗುತ್ತದೆ. ಸಹಿ ಬರದಿದ್ದರೆ ಹೆಬ್ಬೆಟ್ಟು ಒತ್ತಬೇಕು, ತೋಟದ ಕೆಲಸದಲ್ಲಿ ಹೆಬ್ಬೆಟ್ಟು ಸವೆದರೆ ಗುರುತು ಹೊಂದದೆ ಹೋಗಬಹುದು...

ಆಕೆ ಗುದ್ದಲಿಯ ಮೇಲೆ ಕೈಯೂರಿ, ಸೌಜನ್ಯಕ್ಕೆ ಬಹಳ ಹೊತ್ತು ಕೇಳಿಸಿಕೊಂಡಳು. ಕೊನೆಗೆ ತಡೆಯಲಾಗಲಿಲ್ಲವೆಂದು ಕಾಣುತ್ತದೆ.

"ದುಡ್ಡಿಗೇನೂ ಆಗಾಕಿಲ್ಲ ಸ್ವಾಮಿ," ಅಂದಳು. "ಆದ್ರೆ ಒಸಿ ಈ ಕಡೆ ಬನ್ನಿ. ನೆನ್ನೆ ಬಿತ್ತಿದ ದಂಟಿನ ಪಾತಿ ಮ್ಯಾಲೆ ನಿಂತಿದ್ದೀರ ನೀವು."